ಪಾವೊಲೊ ವಿಲ್ಲಾಜೊ: ಮೊದಲು ಬರಹಗಾರರೋ, ನಟರೋ?

ಪ್ರಶ್ನೆ: ಇಟಲಿಯ ಹಾಸ್ಯಚಿತ್ರಗಳಲ್ಲಿ ಫಾಂತೋತ್ಸಿ ಎಂಬ ಗುಮಾಸ್ತನಾಗಿ ಮನೆಮಾತಾದ ಪಾವೊಲೊ ವಿಲ್ಲಾಜೊ ಅವರನ್ನು ಕೆಲವರು ನಟರೆಂದೂ ಕೆಲವರು ಲೇಖಕರೆಂದೂ ಪರಿಚಯಿಸುತ್ತಾರೆ. ಆ ಪಾತ್ರ ಮೊದಲು ಹುಟ್ಟಿದ್ದು ಪುಸ್ತಕದಲ್ಲೋ, ತೆರೆಯ ಮೇಲೋ?

ಉತ್ತರ: ಪುಸ್ತಕ ಮೊದಲು, ಚಲನಚಿತ್ರ ಆಮೇಲೆ. ಆದರೆ ಪುಸ್ತಕಕ್ಕೂ ಮುಂಚೆ ಫಾಂತೋತ್ಸಿ ವಿಲ್ಲಾಜೊ ಅವರ ಬಾಯಲ್ಲಿ ಕಥೆಯಾಗಿದ್ದನು.

1932ರಲ್ಲಿ ಜೆನೋವಾದಲ್ಲಿ ಹುಟ್ಟಿದ ವಿಲ್ಲಾಜೊ, ಕಲಾವಿದರಾಗಿ ಹೆಸರು ಮಾಡುವ ಮುನ್ನ ಅದೇ ಊರಿನಲ್ಲಿ ಉಕ್ಕಿನ ಉದ್ದಿಮೆಗೆ ಸೇರಿದ ದೊಡ್ಡ ಕಂಪನಿಯೊಂದರಲ್ಲಿ ನೌಕರರಾಗಿದ್ದರು. ಕಚೇರಿಯ ಮೇಲು ಕೀಳು, ಅಧಿಕಾರಿಯ ಮುಂದೆ ತಾನಾಗಿ ಬಾಗುವ ಬೆನ್ನು, ರಜಾದಿನವನ್ನೂ ಬಿಡದ ದಾಸ್ಯ ಇವೆಲ್ಲವೂ ಅವರಿಗೆ ಒಳಗಿನಿಂದ ಗೊತ್ತಿದ್ದ ಸಂಗತಿಗಳು. 1968ರಲ್ಲಿ ಟೆಲಿವಿಷನ್‌ಗೆ ಬಂದಾಗ ಅವರು ಅಭಿನಯಿಸಿದ್ದು ಫ್ರಾಕ್ಕಿಯಾ ಎಂಬ ಅಂಜುಬುರುಕ ನೌಕರನ ಪಾತ್ರವನ್ನು. ಫಾಂತೋತ್ಸಿಯ ಪಾಡನ್ನಾದರೋ ಬೇರೊಬ್ಬನ ಕಥೆಯೆಂಬಂತೆ ಪ್ರಥಮ ಪುರುಷದಲ್ಲಿ ಹೇಳುತ್ತಿದ್ದರು. ಮುಂದೆ ಆ ಕಥೆಗಳು ವಾರಪತ್ರಿಕೆಯಲ್ಲಿ ಅಚ್ಚಾದವು, 1971ರಲ್ಲಿ ರಿಜ್ಜೋಲಿ ಪ್ರಕಾಶನದಿಂದ ಪುಸ್ತಕವಾಗಿ ಹೊರಬಂದು ಅಪಾರ ಓದುಗರನ್ನು ಪಡೆದವು. ಲುಚಾನೊ ಸಾಲ್ಚೆ ನಿರ್ದೇಶನದ ಮೊದಲ ಚಲನಚಿತ್ರ ತೆರೆಗೆ ಬಂದದ್ದು 1975ರಲ್ಲಿ. ಅದರ ಚಿತ್ರಕಥೆಯಲ್ಲಿ ಸಾಲ್ಚೆ, ಲೇಯೊ ಬೆನ್ವೆನೂತಿ ಮತ್ತು ಪಿಯೇರೊ ದೆ ಬೆರ್ನಾರ್ದಿ ಅವರೊಂದಿಗೆ ವಿಲ್ಲಾಜೊ ಅವರ ಕೈಯೂ ಇತ್ತು.

ಈ ಹಿನ್ನೆಲೆ ಚಿತ್ರದ ಮೈಯಲ್ಲೇ ಉಳಿದುಕೊಂಡಿದೆ. ತೆರೆಯ ಮೇಲೆ ಫಾಂತೋತ್ಸಿ ಎಡವಿ ಬೀಳುತ್ತಿರುವಾಗ ಹಿನ್ನೆಲೆಯಲ್ಲಿ ಕೇಳಿಬರುವ ನಿರೂಪಕನ ದನಿಯೂ ವಿಲ್ಲಾಜೊ ಅವರದೇ. ದೇಹ ಅವಮಾನವನ್ನು ಅನುಭವಿಸುತ್ತಿದ್ದರೆ, ದನಿ ಅದನ್ನು ಗಂಭೀರವಾದ ವರದಿಯಂತೆ ಲೆಕ್ಕಸಮೇತ ಒಪ್ಪಿಸುತ್ತದೆ. ನನ್ನ ದೃಷ್ಟಿಯಲ್ಲಿ ಅವರ ಹಾಸ್ಯದ ಬೇರು ಇರುವುದು ಇಲ್ಲಿ, ಬೀಳುವ ಏಳುವ ಆಟದಲ್ಲಿ ಅಲ್ಲ. 1976ರ ಎರಡನೆಯ ಚಿತ್ರದಲ್ಲಿ, ಫುಟ್‌ಬಾಲ್ ಪಂದ್ಯ ನಡೆಯುವ ರಾತ್ರಿಯೇ ನೌಕರರೆಲ್ಲರೂ ಹಳೆಯ ರಷ್ಯನ್ ಮೂಕಿಚಿತ್ರವನ್ನು ಕಡ್ಡಾಯವಾಗಿ ನೋಡಬೇಕಾಗಿ ಬಂದಾಗ, ಫಾಂತೋತ್ಸಿ ಕೊನೆಗೂ ಎದ್ದು ನಿಂತು ಆ ಚಿತ್ರವನ್ನು ಬಾಯಿಗೆ ಬಂದಂತೆ ಹಳಿಯುತ್ತಾನೆ. ಆ ಮಾತಿಗೆ 92 ನಿಮಿಷಗಳ ಚಪ್ಪಾಳೆ ಬಿತ್ತು ಎಂದು ನಮಗೆ ತಿಳಿಸಲಾಗುತ್ತದೆ. ತೊಂಬತ್ತಲ್ಲ, ತೊಂಬತ್ತೆರಡು. ಉತ್ಪ್ರೇಕ್ಷೆಗೆ ಇಂಥ ಕರಾರುವಾಕ್ಕಾದ ಅಂಕಿಯನ್ನು ಕೂಡಿಸುವುದು ಗದ್ಯ ಬರೆಯುವವನ ಜಾಣ್ಮೆ.

ಹಾಸ್ಯದ ಕೆಳಗೆ ಕ್ರೌರ್ಯವೂ ಇದೆ. ಮೊದಲ ಚಿತ್ರದ ಕೊನೆಯಲ್ಲಿ, ಬಂಡೆದ್ದು ಕಂಪನಿಯ ಗಾಜಿಗೆ ಕಲ್ಲೆಸೆದ ಫಾಂತೋತ್ಸಿಯನ್ನು ಕಂಪನಿಯ ಸರ್ವೋಚ್ಚ ಅಧಿಕಾರಿಯ ಕೋಣೆಗೆ ಕರೆಸುತ್ತಾರೆ. ಅಲ್ಲಿ ಶಿಕ್ಷೆಯಿಲ್ಲ, ಬೈಗುಳವಿಲ್ಲ. ಸಂತನಂತೆ ಮೃದುವಾಗಿ ಮಾತನಾಡುವ ಒಬ್ಬ ಮನುಷ್ಯನಿದ್ದಾನೆ, ಆ ಮೃದುತ್ವದೆದುರು ಫಾಂತೋತ್ಸಿಯ ಬಂಡಾಯ ಕರಗಿಹೋಗುತ್ತದೆ. ಎಪ್ಪತ್ತರ ದಶಕದ ಇಟಲಿಯಲ್ಲಿ ಕಾರ್ಮಿಕ ಚಳವಳಿಗಳು ಬೀದಿಗಿಳಿದಿದ್ದಾಗ, ಯಾವ ಚಳವಳಿಯಲ್ಲೂ ನೆಲೆ ಕಾಣದ ಸಣ್ಣ ನೌಕರನ ಸ್ಥಿತಿಯನ್ನು ಇಷ್ಟು ನಿಷ್ಠುರವಾಗಿ ತೋರಿಸಿದ ಜನಪ್ರಿಯ ಚಿತ್ರಗಳು ವಿರಳ.

ಈ ಸರಣಿ 1999ರವರೆಗೆ ಹತ್ತು ಚಿತ್ರಗಳಾಗಿ ಬೆಳೆಯಿತು. ನಂತರದ ಚಿತ್ರಗಳಲ್ಲಿ ಬಹುಪಾಲನ್ನು ನೇರಿ ಪಾರೆಂತಿ ನಿರ್ದೇಶಿಸಿದರು, ಅವುಗಳಲ್ಲಿ ಪುನರಾವರ್ತನೆ ಹೆಚ್ಚು.

ಫಾಂತೋತ್ಸಿಯ ಆಚೆಗೂ ವಿಲ್ಲಾಜೊ ಅವರಿಗೆ ಗಟ್ಟಿಯಾದ ನಟಜೀವನವಿತ್ತು. 1990ರಲ್ಲಿ ಫೆಲಿನಿಯವರ ಕೊನೆಯ ಚಿತ್ರದಲ್ಲಿ, ಎಲ್ಲೆಡೆ ಒಳಸಂಚನ್ನೇ ಕಾಣುವ ನಿವೃತ್ತ ಅಧಿಕಾರಿಯಾಗಿ ಅಭಿನಯಿಸಿ ಇಟಲಿಯ ದಾವಿದ್ ದಿ ದೊನಾತೆಲ್ಲೊ ಪ್ರಶಸ್ತಿ ಪಡೆದರು. 1992ರಲ್ಲಿ ವೆನಿಸ್ ಚಿತ್ರೋತ್ಸವ ಜೀವಮಾನದ ಸಾಧನೆಗಾಗಿ ಅವರಿಗೆ ಸ್ವರ್ಣ ಸಿಂಹವನ್ನು ನೀಡಿತು. ಮರುವರ್ಷ ಎರ್ಮಾನ್ನೊ ಓಲ್ಮಿ ಅವರ ಚಿತ್ರದಲ್ಲಿ ಅವರು ಹಾಸ್ಯದ ಸುಳಿವೇ ಇಲ್ಲದ ಕಠಿಣ ಪಾತ್ರವನ್ನು ನಿರ್ವಹಿಸಿದರು. 2017ರ ಜುಲೈ 3ರಂದು ರೋಮ್‌ನಲ್ಲಿ ನಿಧನರಾದರು.

ಅವರ ಕೆಲಸವನ್ನು ಹೊಸದಾಗಿ ನೋಡಬಯಸುವವರು ಸಾಲ್ಚೆ ನಿರ್ದೇಶಿಸಿದ ಮೊದಲೆರಡು ಚಿತ್ರಗಳಿಂದಲೇ ಆರಂಭಿಸಬೇಕು, ಅದೂ ಇಟಾಲಿಯನ್ ಧ್ವನಿಯಲ್ಲಿ, ಅಡಿಬರಹಗಳ ನೆರವಿನಿಂದ. ಬೇರೆ ಭಾಷೆಯ ಡಬ್ಬಿಂಗ್‌ನಲ್ಲಿ ನಟ ಉಳಿಯುತ್ತಾರೆ, ನಿರೂಪಕರು ಕಳೆದುಹೋಗುತ್ತಾರೆ.