ಅಯ್ಯರ್ ಶುರುವಿನಿಂದಲೂ ಆಚಾರ್ಯರ ಹಿಂದೆಯೇ ಇದ್ದರೇ?

ಪ್ರಶ್ನೆ: ಜಿ.ವಿ. ಅಯ್ಯರ್ ಮೊದಲಿನಿಂದಲೂ ಆಚಾರ್ಯರು, ವೇದಾಂತ ಅಂತ ಅಂಥ ಚಿತ್ರಗಳನ್ನೇ ಮಾಡಿದರಲ್ಲ, ಸಂಸ್ಕೃತ ಬಾರದ ನಮ್ಮಂಥವರು ಯಾವುದರಿಂದ ಶುರು ಮಾಡಬೇಕು?

ಉತ್ತರ: ‘ಹಂಸಗೀತೆ’ಯಿಂದ. 1975ರದು, ಕನ್ನಡದ್ದೇ, ತ.ರಾ.ಸು. ಕಾದಂಬರಿ ಆಧರಿಸಿದ್ದು. ಅನಂತನಾಗ್ ಇದ್ದಾರೆ, ಬಾಲಮುರಳಿಕೃಷ್ಣ ಹಾಡಿದ್ದಾರೆ, ಇನ್ನೇನು ಬೇಕು?

ಕೇಳಿದ್ದಕ್ಕೆ ಉತ್ತರ ಇಷ್ಟೇ. ಆದರೆ ಆ ‘ಮೊದಲಿನಿಂದಲೂ’ ಇದೆಯಲ್ಲ, ಅದನ್ನು ಹಾಗೇ ಬಿಡಲು ಮನಸ್ಸಿಲ್ಲ. ಎಷ್ಟು ಸಲ ಹೇಳಿದರೂ ಮತ್ತೆ ಅದೇ ಬರುತ್ತದೆ.

ಸ್ವಾಮಿ, ಆಚಾರ್ಯರ ಮೇಲಿನ ಅವರ ಮೊದಲ ಚಿತ್ರ, ಸಂಸ್ಕೃತದ ‘ಆದಿ ಶಂಕರಾಚಾರ್ಯ’ ಬಂದದ್ದು 1983ರಲ್ಲಿ. ನಂಜನಗೂಡಿನ ಈ ಮನುಷ್ಯ ಹುಟ್ಟಿದ್ದು 1917ರಲ್ಲಿ. ಅಲ್ಲಿಯವರೆಗೆ ಏನು, ಮಠದಲ್ಲಿ ಕೂತಿದ್ದರೇ? ಹುಡುಗನಾಗಿದ್ದಾಗಲೇ ಗುಬ್ಬಿ ವೀರಣ್ಣನವರ ನಾಟಕ ಕಂಪನಿ ಸೇರಿದವರು. 1954ರ ‘ಬೇಡರ ಕಣ್ಣಪ್ಪ’ದಲ್ಲಿ ನಟಿಸಿದವರು. ನವೆಂಬರ್ ಬಂದರೆ ಸಾಕು ಮೈಕಿನಲ್ಲಿ ಕೇಳುವ ‘ಕನ್ನಡದ ಮಕ್ಕಳೆಲ್ಲ ಒಂದಾಗಿ ಬನ್ನಿ’ ಬರೆದವರು ಇವರೇ. ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು ಜೊತೆ ಸೇರಿ 1960ರಲ್ಲಿ ‘ರಣಧೀರ ಕಂಠೀರವ’ ತೆಗೆದಾಗ ಚಿತ್ರಕಥೆ ಇವರದು. ಮೈಸೂರು ಅರಸರ ಚರಿತ್ರೆ, ಆದರೆ ಶಿಳ್ಳೆ ಹೊಡೆದು ನೋಡುವ ಚಿತ್ರ. ಆಮೇಲೆ ನಿರ್ದೇಶಕರಾಗಿ 1962ರಲ್ಲಿ ‘ಭೂದಾನ’, 1966ರಲ್ಲಿ ‘ಕಿಲಾಡಿ ರಂಗ’, 1968ರಲ್ಲಿ ‘ಮೈಸೂರ್ ಟಾಂಗ’. ಹೌದು, ‘ಕಿಲಾಡಿ ರಂಗ’. ವೇದಾಂತ ಎಲ್ಲಿದೆ ಹುಡುಕಿಕೊಳ್ಳಿ.

ಆ ಕಸುಬೇ ಶಂಕರರ ಚಿತ್ರಕ್ಕೂ ಒದಗಿದ್ದು ಅನ್ನುತ್ತೇನೆ ನಾನು. ಅಲ್ಲಿ ಶಂಕರರ ಜೊತೆ ಮೃತ್ಯು, ಪ್ರಜ್ಞಾನ ಎಂಬಿಬ್ಬರು ಗೆಳೆಯರ ಹಾಗೆ ನಡೆಯುತ್ತಾರೆ. ಸಾವು, ಅರಿವು ಎಂದು ಭಾಷಣ ಮಾಡಿಸದೆ ಅವಕ್ಕೆ ಕೈಕಾಲು ಕೊಟ್ಟು ಜೊತೆಗೆ ನಡೆಸಿಬಿಟ್ಟರು. ವಿಮರ್ಶಕರು ಇದನ್ನು ಏನೇ ಕರೆಯಲಿ, ಶನಿ, ಕಲಿ ವೇಷ ತೊಟ್ಟು ರಂಗಕ್ಕೆ ಬರುತ್ತಿದ್ದ ಕಂಪನಿ ನಾಟಕ ಕಂಡವರಿಗೆ ಇದು ಹೊಸದಲ್ಲ. ಸಂಸ್ಕೃತದ ಈ ಮೊದಲ ಚಿತ್ರಕ್ಕೆ ದೇಶದ ಅತ್ಯುತ್ತಮ ಚಿತ್ರವೆಂದು ಸ್ವರ್ಣಕಮಲ ಪ್ರಶಸ್ತಿ ಬಂತು, ಜನ ಹಿಂದಿನದನ್ನೆಲ್ಲ ಮರೆತರು.

ಯಾರೂ ಕೇಳದ ಇನ್ನೊಂದು ವಿಷಯ: ಶಂಕರರ ಚಿತ್ರ ಮಾತ್ರ ಸಂಸ್ಕೃತದಲ್ಲೇಕೆ? ಅಯ್ಯರ್ ಅವರದೇ ‘ಮಧ್ವಾಚಾರ್ಯ’ ಕನ್ನಡದಲ್ಲಿ, ‘ರಾಮಾನುಜಾಚಾರ್ಯ’ ತಮಿಳಿನಲ್ಲಿ ಬಂದವು. ಊರಿನ ಭಾಷೆಯಲ್ಲಿ ಮಾಡಿದರು ಅನ್ನೋಣವೆಂದರೆ ಶಂಕರರು ಕಾಲಡಿಯವರು, ಮಲಯಾಳಂ ಆಗಬೇಕಿತ್ತು. ಬರೆದ ಭಾಷೆಯಲ್ಲಿ ಅನ್ನೋಣವೆಂದರೆ ಮೂವರೂ ಭಾಷ್ಯ ಬರೆದದ್ದು ಸಂಸ್ಕೃತದಲ್ಲೇ. ನನಗೆ ತೋಚುವುದು ಇಷ್ಟು: ಕಾಲಡಿಯಿಂದ ಹೊರಟು ದೇಶವನ್ನೆಲ್ಲ ಸುತ್ತಿ, ಹೋದಲ್ಲೆಲ್ಲ ವಾದ ಹೂಡಿದವರ ಬಾಯಲ್ಲಿ ಯಾವ ಒಂದು ಊರಿನ ಮಾತೂ ಹೊಂದುತ್ತಿರಲಿಲ್ಲ. ಪಂಡಿತರೆಲ್ಲ ಒಟ್ಟಿಗೆ ಜಗಳವಾಡಬಹುದಾದ ಭಾಷೆ ಸಂಸ್ಕೃತವೊಂದೇ. ಅವರ ‘ಸ್ವಾಮಿ ವಿವೇಕಾನಂದ’ ಚಿತ್ರ ಹಿಂದಿಯಲ್ಲೇಕೆ, ಬಂಗಾಳಿ ಯಾಕಲ್ಲ ಎಂದು ದಯವಿಟ್ಟು ಮುಂದಿನ ವಾರ ಬರೆದು ಕೇಳಬೇಡಿ.