ಸೌತೆಕಾಯಿ ಉಪ್ಪಿನಕಾಯಿ ಕರಿದರೆ ಹೊದಿಕೆ ಮೆತ್ತಗಾಗುವುದೇಕೆ, ಗರಿಗರಿಯಾಗಿ ಉಳಿಸುವುದು ಹೇಗೆ?

ಪ್ರಶ್ನೆ: ಬಾಟಲಿಯಲ್ಲಿ ಉಪ್ಪುನೀರಿನೊಂದಿಗೆ ಬರುವ ಸೌತೆಕಾಯಿ ಉಪ್ಪಿನಕಾಯಿಯನ್ನು ಬಿಲ್ಲೆಗಳಾಗಿ ಹೆಚ್ಚಿ, ಹಿಟ್ಟಿನಲ್ಲಿ ಅದ್ದಿ ಮನೆಯಲ್ಲಿ ಕರಿಯುತ್ತಿದ್ದೇನೆ. ಎಣ್ಣೆಯಿಂದ ತೆಗೆದಾಗ ಗರಿಗರಿಯಾಗಿರುತ್ತದೆ, ಆದರೆ ತಟ್ಟೆಗೆ ಹಾಕಿ ತಿನ್ನಲು ಕೂರುವಷ್ಟರಲ್ಲಿ ಮೆತ್ತಗಾಗಿರುತ್ತದೆ. ಕೆಲವು ಬಿಲ್ಲೆಗಳ ಹೊದಿಕೆಯಂತೂ ಕಳಚಿಕೊಂಡು ಎಣ್ಣೆಯಲ್ಲೇ ಉಳಿದುಬಿಡುತ್ತದೆ. ಹಿಟ್ಟು ಬದಲಾಯಿಸಿ ನೋಡಿದರೂ ಪ್ರಯೋಜನವಾಗಿಲ್ಲ. ಏನು ಮಾಡಬೇಕು?

ಉತ್ತರ: ಈ ತಿಂಡಿ ಕೆಟ್ಟಾಗ ಹೆಚ್ಚಿನವರು ಮೊದಲು ಹಿಟ್ಟಿನ ಅಳತೆಯನ್ನೇ ಸಂಶಯದಿಂದ ನೋಡುತ್ತಾರೆ. ನನ್ನ ಅಭಿಪ್ರಾಯದಲ್ಲಿ ಹಿಟ್ಟಿನ ಪಾತ್ರ ಮೂರನೆಯದು. ಮೊದಲನೆಯದು ಬಿಲ್ಲೆಯನ್ನು ಒಣಗಿಸುವ ಕೆಲಸ, ಎರಡನೆಯದು ಎಣ್ಣೆಯ ಕಾವು. ಹಸಿ ಸೌತೆಕಾಯಿಯಲ್ಲಿ ಸುಮಾರು 95 ಶೇಕಡಾ ನೀರಿರುತ್ತದೆ, ಉಪ್ಪುನೀರಿನಲ್ಲಿ ನೆನೆದು ಉಪ್ಪಿನಕಾಯಿಯಾದ ಮೇಲೂ ಆ ಪ್ರಮಾಣ ಹೆಚ್ಚೇನೂ ಇಳಿಯುವುದಿಲ್ಲ. ನೀರು ಆವಿಯಾಗುವಾಗ ಅದರ ಗಾತ್ರ ಸಾವಿರದ ಆರುನೂರು ಪಟ್ಟಿಗೂ ಮೀರಿ ಹಿಗ್ಗುತ್ತದೆ. ಬಿಲ್ಲೆಯ ಮೇಲ್ಮೈಗೂ ಹಿಟ್ಟಿನ ಹೊದಿಕೆಗೂ ನಡುವೆ ಒಂದು ತೆಳುವಾದ ನೀರಿನ ಪದರ ಉಳಿದಿದ್ದರೆ ಸಾಕು, ಬಿಸಿ ಎಣ್ಣೆಗೆ ಬಿದ್ದ ಕೂಡಲೇ ಅದು ಆವಿಯಾಗಿ, ಇನ್ನೂ ಗಟ್ಟಿಯಾಗದ ಹೊದಿಕೆಯನ್ನು ಒಳಗಿನಿಂದ ಎತ್ತಿ ಬಿಡಿಸುತ್ತದೆ. ಹೊದಿಕೆ ಕಳಚಿ ಎಣ್ಣೆಯಲ್ಲಿ ಉಳಿಯಲು ಇದೇ ಮುಖ್ಯ ಕಾರಣ. ತಟ್ಟೆಗೆ ಬಂದ ಮೇಲೆ ಮೆತ್ತಗಾಗುವುದಕ್ಕೂ ನೀರೇ ಕಾರಣವಾದರೂ ಅದು ಬೇರೆ ನೀರು: ಬಿಲ್ಲೆಯ ಒಡಲೊಳಗೆ ಉಳಿದಿರುವ ತೇವ ಆವಿಯಾಗಿ ಹೊರಕ್ಕೆ ಬರುತ್ತ, ಒಣಗಿ ಗರಿಗಟ್ಟಿದ್ದ ಹೊದಿಕೆಯನ್ನು ಮತ್ತೆ ನೆನೆಸುತ್ತದೆ. ಹೀಗೆ ಒಂದೇ ಪ್ರಶ್ನೆಯಲ್ಲಿ ಎರಡು ತೊಂದರೆಗಳು ಸೇರಿಕೊಂಡಿವೆ. ಒಂದಕ್ಕೆ ಕರಿಯುವ ಮೊದಲೇ ಪರಿಹಾರ ಮಾಡಬೇಕು, ಇನ್ನೊಂದಕ್ಕೆ ಕರಿಯುವಾಗ ಮತ್ತು ಕರಿದ ನಂತರ.

ಇದು ಅಮೆರಿಕದ ದಕ್ಷಿಣದ ರಾಜ್ಯಗಳಲ್ಲಿ ಬಹಳ ಪ್ರಿಯವಾದ ತಿಂಡಿ. ಅರ್ಕನ್ಸಾ ರಾಜ್ಯದ ಆಟ್ಕಿನ್ಸ್ ಎಂಬ ಊರಿನಲ್ಲಿ ಡಚೆಸ್ ಡ್ರೈವ್ ಇನ್ ಎಂಬ ಉಪಾಹಾರಗೃಹ ನಡೆಸುತ್ತಿದ್ದ ಬರ್ನೆಲ್ ಆಸ್ಟಿನ್ 1963ರಲ್ಲಿ ಇದನ್ನು ಮಾರಾಟಕ್ಕೆ ತಂದು ಜನಪ್ರಿಯಗೊಳಿಸಿದರು. ಆ ಊರಿನಲ್ಲಿ ಉಪ್ಪಿನಕಾಯಿ ಕಾರ್ಖಾನೆಯಿತ್ತು, ಆದ್ದರಿಂದ ಕಚ್ಚಾ ವಸ್ತುವಿಗೆ ಕೊರತೆಯಿರಲಿಲ್ಲ. ಇಂದಿಗೂ ಅಲ್ಲಿ ಪಿಕಲ್‌ಫೆಸ್ಟ್ ಎಂಬ ಉತ್ಸವ ನಡೆಯುತ್ತದೆ. ಆಸ್ಟಿನ್ ಅವರ ಪಾಕವಿಧಾನವನ್ನು ಕುಟುಂಬದವರು ಗುಟ್ಟಾಗಿಯೇ ಇಟ್ಟಿದ್ದಾರೆ, ಆದರೆ ಗರಿಗರಿತನದ ಹಿಂದಿರುವ ಕಾರಣಗಳಲ್ಲಿ ಗುಟ್ಟೇನೂ ಇಲ್ಲ.

ಮೊದಲು ಉಪ್ಪಿನಕಾಯಿಯ ಆಯ್ಕೆಯನ್ನು ನೋಡೋಣ. ಇಲ್ಲಿ ಬೇಕಾಗಿರುವುದು ಉಪ್ಪು, ವಿನೆಗರ್ ಮತ್ತು ಸಬ್ಬಸಿಗೆಯ ಪರಿಮಳವಿರುವ ನೀರಿನಲ್ಲಿ ನೆನೆದ, ಕಚ್ಚಿದಾಗ ಕರಕರ ಎನ್ನುವ ಸೌತೆಕಾಯಿ. ಎಣ್ಣೆ, ಖಾರದ ಪುಡಿ ಬೆರೆತ ಉಪ್ಪಿನಕಾಯಿಗೆ ಈ ಕ್ರಮ ಅನ್ವಯಿಸುವುದಿಲ್ಲ. ಬಾಟಲಿಯಲ್ಲಿ ಇರುವಾಗಲೇ ಮೆತ್ತಗಿರುವ ಕಾಯಿ ಕರಿದಾಗ ಇನ್ನಷ್ಟು ಮೆತ್ತಗಾಗುತ್ತದೆಯೇ ಹೊರತು ಗಟ್ಟಿಯಾಗುವುದಿಲ್ಲ. ಬಾಟಲಿಯ ಚೀಟಿಯಲ್ಲಿ ಕ್ಯಾಲ್ಸಿಯಂ ಕ್ಲೋರೈಡ್ ಎಂದಿದ್ದರೆ ಹೆದರಬೇಕಿಲ್ಲ. ಅದರಲ್ಲಿರುವ ಕ್ಯಾಲ್ಸಿಯಂ ತರಕಾರಿಯ ಪೆಕ್ಟಿನ್ ಜತೆ ಸೇರಿ ಕಾಯಿಯ ಬಿಗಿಯನ್ನು ಕಾಪಾಡುತ್ತದೆ. ಉಪ್ಪಿನಕಾಯಿಯನ್ನು ಮನೆಯಲ್ಲಿಯೇ ಹಾಕುವವರು ಸೌತೆಕಾಯಿಯ ಹೂವಿನ ಕಡೆಯ ತುದಿಯನ್ನು ತುಸು ಕತ್ತರಿಸಿ ತೆಗೆಯುವುದನ್ನು ಮರೆಯಬಾರದು, ಏಕೆಂದರೆ ಕಾಯಿಯನ್ನು ಮೆತ್ತಗಾಗಿಸುವ ಕಿಣ್ವಗಳು ಆ ತುದಿಯಲ್ಲಿರುತ್ತವೆ. ಸಿಹಿ ಬೆರೆತ ಉಪ್ಪಿನಕಾಯಿಯನ್ನೂ ಕರಿಯಬಹುದು, ಆದರೆ ಸಕ್ಕರೆಯ ಕಾರಣ ಅದು ಬೇಗ ಕಪ್ಪಾಗುತ್ತದೆ.

ಬಿಲ್ಲೆಯ ದಪ್ಪ ನಾಲ್ಕರಿಂದ ಐದು ಮಿಲಿಮೀಟರ್ ಇದ್ದರೆ ಚೆನ್ನ. ಅದಕ್ಕಿಂತ ತೆಳುವಾದರೆ ಹಿಟ್ಟಿನ ರುಚಿಯ ಮುಂದೆ ಹುಳಿ ಸೋತುಹೋಗುತ್ತದೆ. ಹೆಚ್ಚು ದಪ್ಪವಾದರೆ ಒಳಗಿನ ನೀರು ಹೆಚ್ಚಿ, ಹೊದಿಕೆ ನೆನೆಯುವ ವೇಗವೂ ಹೆಚ್ಚುತ್ತದೆ. ಉದ್ದನೆಯ ಹೋಳುಗಳಾಗಿ ಸೀಳಿ ಕರಿಯುವ ಪದ್ಧತಿಯೂ ಇದೆ. ನೋಡಲು ಚಂದವಾದರೂ, ಹೊದಿಕೆಯ ಪಾಲಿಗಿಂತ ನೀರಿನ ಪಾಲು ಅದರಲ್ಲಿ ಹೆಚ್ಚಾಗಿರುವುದರಿಂದ ಹೊಸದಾಗಿ ಕಲಿಯುವವರಿಗೆ ನಾನು ಬಿಲ್ಲೆಯನ್ನೇ ಸೂಚಿಸುತ್ತೇನೆ.

ಇನ್ನು ಒಣಗಿಸುವ ವಿಷಯ. ಇದಕ್ಕೆ ಕೊಡುವ ಸಮಯವನ್ನು ಯಾರೂ ವ್ಯರ್ಥವೆಂದು ಭಾವಿಸಬಾರದು. ಬಿಲ್ಲೆಗಳನ್ನು ಜರಡಿಯಲ್ಲಿ ಹಾಕಿ ಉಪ್ಪುನೀರು ಪೂರ್ತಿ ಸೋರಿಹೋಗಲು ಬಿಡಿ. ಆಮೇಲೆ ಸ್ವಚ್ಛವಾದ ಹತ್ತಿ ಬಟ್ಟೆಯ ಮೇಲೆ ಒಂದರ ಮೇಲೊಂದು ಬೀಳದಂತೆ ಹರಡಿ, ಮೇಲೆ ಇನ್ನೊಂದು ಬಟ್ಟೆ ಹೊದಿಸಿ ಅಂಗೈಯಿಂದ ಮೆಲ್ಲನೆ ಒತ್ತಿ. ಅಷ್ಟಕ್ಕೇ ನಿಲ್ಲಿಸದೆ ಹದಿನೈದು ಇಪ್ಪತ್ತು ನಿಮಿಷ ಹಾಗೆಯೇ ಬಿಟ್ಟರೆ ಒಳಗಿನಿಂದ ಮತ್ತಷ್ಟು ನೀರು ಮೇಲಕ್ಕೆ ಒಸರುತ್ತದೆ. ಆಗ ಬಿಲ್ಲೆಗಳನ್ನು ಮಗುಚಿ, ಒಣ ಬಟ್ಟೆಯಿಂದ ಇನ್ನೊಮ್ಮೆ ಒತ್ತಬೇಕು. ಸಮಯವಿದ್ದರೆ ತಟ್ಟೆಯಲ್ಲಿ ಹರಡಿ, ಮುಚ್ಚದೆ, ಒಂದು ಗಂಟೆ ಫ್ರಿಜ್‌ನಲ್ಲಿಟ್ಟರೆ ಅಲ್ಲಿಯ ಒಣ ಗಾಳಿ ಮೇಲ್ಮೈಯನ್ನು ಇನ್ನಷ್ಟು ಒಣಗಿಸುತ್ತದೆ. ಮುಟ್ಟಿದರೆ ಬೆರಳಿಗೆ ಹಸಿ ಅಂಟಬಾರದು, ಅದೇ ಗುರುತು. ಉಪ್ಪಿನಕಾಯಿ ವಿಪರೀತ ಉಪ್ಪಾಗಿದ್ದರೆ ಒಣಗಿಸುವ ಮೊದಲು ತಣ್ಣೀರಿನಲ್ಲಿ ಹತ್ತು ನಿಮಿಷ ಇಟ್ಟು ತೆಗೆಯಬಹುದು.

ಒಣಗಿದ ಬಿಲ್ಲೆಯನ್ನು ನೇರವಾಗಿ ಕಲಸಿದ ಹಿಟ್ಟಿನಲ್ಲಿ ಅದ್ದಬಾರದು. ಮೊದಲು ಒಣ ಕಾರ್ನ್‌ಫ್ಲೋರಿನಲ್ಲಿ ಹೊರಳಿಸಿ, ಹೆಚ್ಚಾದ ಪುಡಿಯನ್ನು ಕೊಡವಬೇಕು. ಒರೆಸಿದ ಮೇಲೂ ಉಳಿದಿರುವ ಸ್ವಲ್ಪ ತೇವವನ್ನು ಈ ಪುಡಿ ಹೀರಿಕೊಂಡು ತೆಳುವಾದ ಅಂಟಿನಂತಾಗುತ್ತದೆ, ಅದರ ಮೇಲೆ ಕಲಸಿದ ಹಿಟ್ಟು ಜಾರದೆ ನಿಲ್ಲುತ್ತದೆ. ನಯವಾದ, ಹುಳಿನೀರು ಜಿನುಗುವ ಮೇಲ್ಮೈಗೆ ಹಿಟ್ಟು ತಾನಾಗಿ ಹಿಡಿಯುವುದಿಲ್ಲ ಎಂಬುದನ್ನು ಮರೆತು ಈ ಹಂತವನ್ನು ಬಿಟ್ಟುಬಿಡುವವರೇ ಹೆಚ್ಚು.

ಹಿಟ್ಟಿಗೆ, ನೀರು ಸೋರಿಸಿದ ಸುಮಾರು 300 ಗ್ರಾಂ ಬಿಲ್ಲೆಗಳಿಗೆ, 100 ಗ್ರಾಂ ಮೈದಾ, 50 ಗ್ರಾಂ ಕಾರ್ನ್‌ಫ್ಲೋರ್, ಒಂದು ಚಹಾ ಚಮಚ ಬೇಕಿಂಗ್ ಪೌಡರ್, ರುಚಿಗೆ ಕಾಳುಮೆಣಸಿನ ಪುಡಿ ಮತ್ತು ಬೆಳ್ಳುಳ್ಳಿ ಪುಡಿ ಸಾಕು. ಉಪ್ಪು ಹಾಕಬೇಡಿ, ಕಾಯಿಯಲ್ಲಿಯೇ ಬೇಕಾದಷ್ಟಿದೆ. ಮೈದಾಕ್ಕೆ ನೀರು ಬೆರೆಸಿ ಕಲಕಿದಷ್ಟೂ ಅದರಲ್ಲಿ ಗ್ಲುಟನ್ ಎಂಬ ಎಳೆಯೆಳೆಯಾದ ಪ್ರೋಟೀನ್ ಜಾಲ ಬೆಳೆಯುತ್ತದೆ, ಆ ಜಾಲ ಬಲಿತರೆ ಹೊದಿಕೆ ಗರಿಗರಿಯಾಗುವ ಬದಲು ರಬ್ಬರಿನಂತೆ ನಾರಾಗುತ್ತದೆ. ಕಾರ್ನ್‌ಫ್ಲೋರಿನಲ್ಲಿ ಗ್ಲುಟನ್ ಇಲ್ಲದಿರುವುದರಿಂದ ಅದನ್ನು ಬೆರೆಸಿದಾಗ ಹೊದಿಕೆ ಹಗುರಾಗುತ್ತದೆ. ನೀರು ತಣ್ಣಗಿದ್ದರೆ ಗ್ಲುಟನ್ ಬೆಳೆಯುವುದು ನಿಧಾನವಾಗುತ್ತದೆ. ಆದ್ದರಿಂದಲೇ ಫ್ರಿಜ್‌ನಿಂದ ಆಗತಾನೆ ತೆಗೆದ, ಸಿಹಿಯಿಲ್ಲದ ಸೋಡಾ ನೀರನ್ನು 170ರಿಂದ 190 ಮಿಲಿಲೀಟರ್‌ವರೆಗೆ ಸ್ವಲ್ಪ ಸ್ವಲ್ಪವಾಗಿ ಸೇರಿಸಬೇಕು. ಸೋಡಾದ ಗುಳ್ಳೆಗಳು ಹೊದಿಕೆಯಲ್ಲಿ ಸಣ್ಣ ಸಣ್ಣ ಪೊಳ್ಳುಗಳನ್ನು ಉಂಟುಮಾಡುತ್ತವೆ. ಒಣ ಹಿಟ್ಟು ಒದ್ದೆಯಾಗುವಷ್ಟು ಕಲಕಿದರೆ ಸಾಕು, ಅಲ್ಲಲ್ಲಿ ಗಂಟುಗಳು ಉಳಿದರೆ ಚಿಂತೆಯಿಲ್ಲ. ಎಣ್ಣೆ ಕಾದ ಮೇಲೆಯೇ ಹಿಟ್ಟನ್ನು ಕಲಸುವುದು ಒಳ್ಳೆಯದು, ಏಕೆಂದರೆ ಕಲಸಿ ಇಟ್ಟಷ್ಟು ಹೊತ್ತೂ ಗುಳ್ಳೆಗಳು ಹೊರಟುಹೋಗುತ್ತಲೇ ಇರುತ್ತವೆ.

ಹೊದಿಕೆ ಕೆಂಪಾಗದೆ ಬಿಳಿಚಿಕೊಂಡಿರುತ್ತದೆ ಎಂಬುದು ಈ ತಿಂಡಿಯ ಬಗ್ಗೆ ಕೇಳಿಬರುವ ಮತ್ತೊಂದು ದೂರು. ಕರಿದ ಪದಾರ್ಥಕ್ಕೆ ಹೊಂಬಣ್ಣ ಬರಲು ಪ್ರೋಟೀನ್ ಮತ್ತು ಸಕ್ಕರೆಯ ಅಂಶಗಳ ನಡುವೆ ನಡೆಯುವ ಕ್ರಿಯೆ ಮುಖ್ಯ ಕಾರಣ. ಫ್ರಾನ್ಸಿನ ರಸಾಯನಶಾಸ್ತ್ರಜ್ಞ ಲೂಯಿ ಕಮಿಲ್ ಮಯಾರ್ ಇದನ್ನು 1912ರಲ್ಲಿ ವಿವರಿಸಿದರು. ಹುಳಿ ಹೆಚ್ಚಾದಷ್ಟೂ ಈ ಕ್ರಿಯೆ ನಿಧಾನವಾಗುತ್ತದೆ. ಒದ್ದೆ ಬಿಲ್ಲೆಯಿಂದ ವಿನೆಗರ್ ಹಿಟ್ಟಿಗೆ ಇಳಿದರೆ ಬಣ್ಣ ಬರುವುದಕ್ಕೆ ಕಾಯುತ್ತ ಹೆಚ್ಚು ಹೊತ್ತು ಕರಿಯಬೇಕಾಗುತ್ತದೆ, ಅಷ್ಟರಲ್ಲಿ ಒಳಗಿನ ಕಾಯಿ ಬೆಂದು ನೀರು ಬಿಡುತ್ತದೆ. ಒಣಗಿಸುವ ಕೆಲಸ ಬಣ್ಣಕ್ಕೂ ನೆರವಾಗುವುದು ಹೀಗೆ. ದಕ್ಷಿಣ ಅಮೆರಿಕ ಖಂಡದ್ದಲ್ಲ, ಅಮೆರಿಕ ದೇಶದ ದಕ್ಷಿಣ ಭಾಗದ ಅಡುಗೆಮನೆಗಳಲ್ಲಿ ಬಿಲ್ಲೆಗಳನ್ನು ಮಜ್ಜಿಗೆಯಲ್ಲಿ ಅದ್ದಿ, ಮೆಕ್ಕೆಜೋಳದ ತರಿ ಮತ್ತು ಮೈದಾ ಬೆರೆಸಿದ ಒಣ ಮಿಶ್ರಣದಲ್ಲಿ ಹೊರಳಿಸಿ ಕರಿಯುವುದೂ ಉಂಟು. ಮಜ್ಜಿಗೆ ಹುಳಿಯೇ ಆದರೂ ಅದರಲ್ಲಿ ಪ್ರೋಟೀನ್ ಮತ್ತು ಹಾಲಿನ ಸಕ್ಕರೆ ಇರುವುದರಿಂದ ಬಣ್ಣ ಚೆನ್ನಾಗಿಯೇ ಬರುತ್ತದೆ, ತರಿಯ ಕಾರಣ ಹೊದಿಕೆ ಒರಟಾಗಿ, ಹೆಚ್ಚು ಹೊತ್ತು ಗರಿಗರಿಯಾಗಿ ಉಳಿಯುತ್ತದೆ. ಅತಿಥಿಗಳು ಬರುವುದು ತಡವಾಗಬಹುದು ಎಂದಿದ್ದರೆ ನಾನು ಈ ವಿಧಾನವನ್ನೇ ಆರಿಸುತ್ತೇನೆ.

ಎಣ್ಣೆಯ ಕಾವು 185ರಿಂದ 190 ಡಿಗ್ರಿ ಸೆಲ್ಸಿಯಸ್ ತಲುಪಿದ ಮೇಲೆ ಬಿಲ್ಲೆಗಳನ್ನು ಬಿಡಬೇಕು, ಕರಿಯುವಾಗ ಅದು 170ಕ್ಕಿಂತ ಕೆಳಗೆ ಇಳಿಯದಂತೆ ನೋಡಿಕೊಳ್ಳಬೇಕು. ಈ ಕಾವಿನಲ್ಲಿ ಹೊದಿಕೆಯ ಪಿಷ್ಟ ಕೆಲವೇ ಕ್ಷಣಗಳಲ್ಲಿ ಗಟ್ಟಿಗೊಂಡು, ಅದರೊಳಗಿನ ನೀರು ರಭಸದಿಂದ ಆವಿಯಾಗಿ ಹೊರಬರುತ್ತದೆ. ಬಾಣಲೆಯಲ್ಲಿ ನಾವು ಕಾಣುವ ಗುಳ್ಳೆಗಳೆಲ್ಲ ಆ ಆವಿಯೇ, ಅದು ಹೊರಕ್ಕೆ ನುಗ್ಗುತ್ತಿರುವವರೆಗೂ ಎಣ್ಣೆ ಒಳಕ್ಕೆ ಹೆಚ್ಚಾಗಿ ಇಳಿಯಲಾರದು. ಎಣ್ಣೆ ಸಾಕಷ್ಟು ಕಾಯದಿದ್ದರೆ ಹೊದಿಕೆ ಗಟ್ಟಿಯಾಗಲು ತಡವಾಗಿ, ಎಣ್ಣೆ ಹೀರಿಕೊಂಡು ಜಿಡ್ಡಾಗುತ್ತದೆ. ಥರ್ಮಾಮೀಟರ್ ಇದ್ದರೆ ಊಹೆಗೆ ಕೆಲಸವಿಲ್ಲ. ಇಲ್ಲದಿದ್ದರೆ ಒಂದು ಹನಿ ಹಿಟ್ಟನ್ನು ಬಿಟ್ಟು ನೋಡಿ: ಅದು ತಳಕ್ಕೆ ಹೋಗಿ ಅಲ್ಲೇ ಕೂತರೆ ಕಾವು ಸಾಲದು, ಅರ್ಧಕ್ಕೆ ಇಳಿಯುವ ಮೊದಲೇ ಗುಳ್ಳೆಗಳೊಂದಿಗೆ ಮೇಲೆದ್ದರೆ ಸರಿಯಾಗಿದೆ, ಬಿದ್ದಕೂಡಲೇ ಕಂದಾದರೆ ಉರಿ ತಗ್ಗಿಸಬೇಕು. ವಾಸನೆ ಹೆಚ್ಚಿಲ್ಲದ, ಬೇಗ ಹೊಗೆಯಾಡದ ಸಂಸ್ಕರಿಸಿದ ಕಡಲೆಕಾಯಿ ಎಣ್ಣೆ ಅಥವಾ ಸೂರ್ಯಕಾಂತಿ ಎಣ್ಣೆ ಇದಕ್ಕೆ ಹೊಂದುತ್ತದೆ.

ಒಂದು ಸಲಕ್ಕೆ ಏಳೆಂಟು ಬಿಲ್ಲೆಗಳಿಗಿಂತ ಹೆಚ್ಚು ಹಾಕುವ ಆಸೆಗೆ ಒಳಗಾಗಬಾರದು. ಪ್ರತಿಯೊಂದು ಬಿಲ್ಲೆಯೂ ತಣ್ಣನೆಯ ನೀರನ್ನೇ ಎಣ್ಣೆಗೆ ತರುತ್ತದೆ. ಬಾಣಲೆ ತುಂಬಿದರೆ ಕಾವು ಒಮ್ಮೆಗೇ ಕುಸಿಯುತ್ತದೆ, ಬಿಲ್ಲೆಗಳು ಒಂದಕ್ಕೊಂದು ಅಂಟಿಕೊಳ್ಳುತ್ತವೆ. ಹೆಚ್ಚಾದ ಹಿಟ್ಟು ತೊಟ್ಟಿಕ್ಕಿದ ಮೇಲೆ ಒಂದೊಂದನ್ನೇ ಎಣ್ಣೆಯ ಮೇಲ್ಮೈಗೆ ಹತ್ತಿರದಿಂದ ಜಾರಿಸಿ, ನಡುವೆ ಒಮ್ಮೆ ಮಗುಚಿ, ಎರಡರಿಂದ ಮೂರು ನಿಮಿಷ ಕರಿದರೆ ಸಾಕು. ಗುಳ್ಳೆಗಳ ಅಬ್ಬರ ತಗ್ಗುವುದು ಹೊದಿಕೆಯ ನೀರು ಬಹುಪಾಲು ಹೋಗಿದೆ ಎಂಬುದರ ಸೂಚನೆ. ಮುಂದಿನ ತಂಡಕ್ಕೆ ಮೊದಲು ಎಣ್ಣೆ ಮತ್ತೆ ಕಾಯುವವರೆಗೆ ಕಾಯಬೇಕು, ತೇಲುತ್ತಿರುವ ಹಿಟ್ಟಿನ ಚೂರುಗಳನ್ನು ಜಾಲರಿ ಸೌಟಿನಿಂದ ತೆಗೆಯಬೇಕು. ಆಳವಾದ ಪಾತ್ರೆಯಲ್ಲಿ ಅರ್ಧಕ್ಕಿಂತ ಕಡಿಮೆ ಎಣ್ಣೆ ಹಾಕಿ, ಏಕೆಂದರೆ ನೀರಿನಂಶ ಹೆಚ್ಚಿರುವ ಈ ಪದಾರ್ಥ ಬಿದ್ದಾಗ ಎಣ್ಣೆ ನೊರೆಯೊಂದಿಗೆ ಮೇಲೇರುತ್ತದೆ. ಆಕಸ್ಮಾತ್ ಎಣ್ಣೆಗೆ ಬೆಂಕಿ ಹತ್ತಿದರೆ ನೀರು ಸುರಿಯಲೇಬಾರದು. ಒಲೆ ಆರಿಸಿ, ಲೋಹದ ಮುಚ್ಚಳದಿಂದ ಪಾತ್ರೆಯನ್ನು ಮುಚ್ಚಬೇಕು.

ತಟ್ಟೆಯಲ್ಲಿ ಮೆತ್ತಗಾಗುವ ಸಮಸ್ಯೆಗೆ ಬಹುಮಟ್ಟಿಗೆ ಉತ್ತರವಿರುವುದು ತಂತಿಯ ಜಾಲರಿಯಲ್ಲಿ. ಕರಿದ ಬಿಲ್ಲೆಗಳನ್ನು ಕಾಗದದ ಮೇಲೆ ರಾಶಿ ಹಾಕಿದರೆ ಒಳಗಿನಿಂದ ಬರುವ ಆವಿಗೆ ಕೆಳಗಡೆ ದಾರಿಯಿರುವುದಿಲ್ಲ, ಅದು ಅಲ್ಲೇ ತಣಿದು ನೀರಾಗಿ ಹೊದಿಕೆಗೆ ಮರಳುತ್ತದೆ. ಜಾಲರಿಯ ಮೇಲೆ ಬಿಡಿಬಿಡಿಯಾಗಿ ಹರಡಿದರೆ ಎರಡೂ ಕಡೆಯಿಂದ ಆವಿ ಹೊರಟುಹೋಗುತ್ತದೆ. ಎಲ್ಲವನ್ನೂ ಒಟ್ಟಿಗೆ ಬಡಿಸಬೇಕೆಂದಿದ್ದರೆ ಜಾಲರಿಯ ಸಮೇತ ಸುಮಾರು 100 ಡಿಗ್ರಿಯ ಓವನ್‌ನಲ್ಲಿ ಇಟ್ಟುಕೊಳ್ಳಬಹುದು. ಮುಚ್ಚಳ ಮುಚ್ಚಿದ ಡಬ್ಬಿಯಲ್ಲಿ ಮಾತ್ರ ಇಡಬಾರದು. ಅದ್ದಿ ತಿನ್ನುವ ಸಾಸ್ ಯಾವುದೇ ಇರಲಿ, ಅದನ್ನು ಬೇರೆ ಬಟ್ಟಲಿನಲ್ಲಿ ಕೊಡಿ, ಮೇಲೆ ಸುರಿಯಬೇಡಿ. ಇಷ್ಟೆಲ್ಲ ಮಾಡಿದರೂ ಈ ತಿಂಡಿ ಗಂಟೆಗಟ್ಟಲೆ ಗರಿಗರಿಯಾಗಿ ಉಳಿಯುತ್ತದೆ ಎಂದು ಭರವಸೆ ಕೊಡಲಾರೆ. ಕಾಯಿಯೊಳಗಿನ ನೀರು ಎಲ್ಲಿಯೂ ಹೋಗಿರುವುದಿಲ್ಲ. ಕರಿದ ಹತ್ತು ಹದಿನೈದು ನಿಮಿಷದೊಳಗೆ ತಿನ್ನುವುದು ಉತ್ತಮ.

ಏರ್ ಫ್ರೈಯರ್ ಬಳಸುವವರು ಕಲಸಿದ ಹಿಟ್ಟನ್ನು ಬಿಟ್ಟುಬಿಡಬೇಕು, ಅದು ಗಟ್ಟಿಯಾಗುವ ಮೊದಲೇ ಕೆಳಗೆ ಸೋರುತ್ತದೆ. ಮೈದಾ, ಕದಡಿದ ಮೊಟ್ಟೆ, ಒಣ ಬ್ರೆಡ್ ಪುಡಿ ಈ ಕ್ರಮದಲ್ಲಿ ಹೊದಿಸಿ, ಮೇಲೆ ಸ್ವಲ್ಪ ಎಣ್ಣೆ ಸಿಂಪಡಿಸಿ, 200 ಡಿಗ್ರಿಯಲ್ಲಿ ಎಂಟರಿಂದ ಹತ್ತು ನಿಮಿಷ ಇಟ್ಟು ನಡುವೆ ಒಮ್ಮೆ ಮಗುಚಿದರೆ ತಕ್ಕಮಟ್ಟಿಗೆ ಗರಿಗರಿಯಾಗುತ್ತವೆ. ಉಳಿದುದನ್ನು ಮತ್ತೆ ಬಿಸಿ ಮಾಡಲು ಕೂಡ ಓವನ್ ಅಥವಾ ಏರ್ ಫ್ರೈಯರ್ ಸರಿ. ಮೈಕ್ರೋವೇವ್ ಒಳಗಿನ ನೀರನ್ನೇ ಕಾಯಿಸಿ ಹೊದಿಕೆಯನ್ನು ಪೂರ್ತಿ ಮೆತ್ತಗಾಗಿಸುತ್ತದೆ.

ಕರಿದ ಎಣ್ಣೆಯನ್ನು ತಣಿದ ಮೇಲೆ ತೆಳು ಬಟ್ಟೆಯಲ್ಲಿ ಸೋಸಿಟ್ಟು ಮತ್ತೊಮ್ಮೆ ಬಳಸಬಹುದಾದರೂ, ನೀರು ಮತ್ತು ಹಿಟ್ಟಿನ ಚೂರುಗಳು ಸೇರಿದ ಎಣ್ಣೆ ಬೇಗ ಹಾಳಾಗುವುದರಿಂದ, ಬಣ್ಣ ಗಾಢವಾಗಿದ್ದರೆ, ನೊರೆ ನಿಲ್ಲದೆ ಬರುತ್ತಿದ್ದರೆ ಅಥವಾ ಮೊದಲಿಗಿಂತ ಕಡಿಮೆ ಕಾವಿನಲ್ಲೇ ಹೊಗೆಯಾಡುತ್ತಿದ್ದರೆ ಅದನ್ನು ಬಳಸಬಾರದು.