ಇಸ್ಕೂಲಿನಲ್ಲಿ ಎಷ್ಟು ಸಿಲಬಲ್?

ಮಂಡ್ಯದಲ್ಲಿರುವ ನಮ್ಮಕ್ಕನ ಮಗಳು ಈಗ ಐದನೇ ಕ್ಲಾಸು. ಹೋದ ವಾರ ಮನೆಗೆ ಹೋದಾಗ ಹೋಂವರ್ಕ್ ಪುಸ್ತಕ ತಂದು ನನ್ನ ಮುಂದೆ ಎಸೆದಳು. ಇಂಗ್ಲಿಷ್ ಪದಗಳಲ್ಲಿ ಎಷ್ಟೆಷ್ಟು ಸಿಲಬಲ್, ಅಂದರೆ ಒಂದೊಂದು ಸ್ವರದ ಸುತ್ತ ಕೂಡಿಕೊಂಡ ಉಚ್ಚಾರದ ತುಂಡು, ಇವೆ ಅಂತ ಎಣಿಸಿ ಬರೆಯಬೇಕಿತ್ತು. ‘ಸ್ಕೂಲ್’ ಎದುರಿಗೆ ಇವಳು 3 ಅಂತ ಬರೆದಿದ್ದಳು, ಅದರ ಮೇಲೆ ಕೆಂಪು ಇಂಕಿನ ಗೀಟು, ಪಕ್ಕದಲ್ಲಿ 1.

“ಅಜ್ಜಿನೇ ಹೇಳಿಕೊಟ್ಟಿದ್ದು ಮಾಮ” ಅಂದಳು. ಅಡುಗೆಮನೆಯಿಂದ ನಮ್ಮವ್ವ ಬೆರಳು ಮಡಿಸುತ್ತಾ ಬಂದಳು. “ಇಸ್-ಕೂ-ಲು. ಮೂರೇ ಕಣಪ್ಪ, ಬೇಕಾದ್ರೆ ನೀನೇ ಎಣಿಸು.”

ಎಣಿಸೋದು ಸುಲಭ. ಗದ್ದದ ಕೆಳಗೆ ಕೈ ಇಟ್ಟು ಪದವನ್ನು ನಿಧಾನವಾಗಿ ಹೇಳಿ. ಸ್ವರ ಬಂದಾಗಲೆಲ್ಲ ಬಾಯಿ ತೆರೆಯುತ್ತೆ, ಗದ್ದ ಕೈಗೆ ತಾಗುತ್ತೆ. ಎಷ್ಟು ಸಲ ತಾಗಿತೋ ಹೆಚ್ಚುಕಡಿಮೆ ಅಷ್ಟು ಸಿಲಬಲ್. ‘ಮಂಡ್ಯ’ಕ್ಕೆ ಎರಡು, ‘ಮೈಸೂರು’ಗೆ ಮೂರು. ಟೀಚರ್ ‘ಸ್ಕೂಲ್’ ಅಂದರೆ ಒಂದು ಸಲ, ಅವ್ವ ‘ಇಸ್ಕೂಲು’ ಅಂದರೆ ಮೂರು ಸಲ. ಇಬ್ಬರ ಲೆಕ್ಕವೂ ಸರಿ, ಎಣಿಸಿದ ಪದ ಮಾತ್ರ ಬೇರೆ.

ಅವ್ವ ಸುಮ್ನೆ ಮನಸ್ಸಿಗೆ ಬಂದ ಹಾಗೆ ಸ್ವರ ತುರುಕುತ್ತಾಳೆ ಅಂದುಕೊಳ್ಳಬೇಡಿ. ನಮ್ಮ ಕಡೆಯ ಬಾಯಿಗೆ ಪದದ ಕೊನೆಯಲ್ಲಿ ಸ್ವರ ಬೇಕು, ಅದಕ್ಕೇ ಒಂದು ‘ಉ’ ಅಂಟುತ್ತೆ. ಆದರೆ ಅಂಟುವ ರೀತಿ ನೋಡಿ: ಬಸ್ಸು, ಪೆನ್ನು, ಬುಕ್ಕು, ಪಿನ್ನು. ಆಮೇಲೆ ಕಾರು, ಸೀಟು, ಗೇಟು, ಕೋಟು. ಸ್ವರ ಗಿಡ್ಡವಾಗಿದ್ದರೆ ವ್ಯಂಜನ ಎರಡಾಗುತ್ತೆ, ಉದ್ದವಾಗಿದ್ದರೆ ಒಂದೇ ಸಾಕು. ಕಲ್ಲು-ಕಾಲು, ಬೆನ್ನು-ಜೇನು ಇವೂ ಇದೇ ಅಚ್ಚಿನವು. ಮಗು, ಹಸು, ಕರು ಅನ್ನೋ ಪದಗಳೂ ನಮ್ಮಲ್ಲಿವೆ, ನಿಜ, ಆದರೆ ಹೊಸದಾಗಿ ಬಂದ ಪದ ಆ ದಾರಿ ಹಿಡಿಯಲ್ಲ. ‘ಬಸು ಬಂತು’ ಅಂತ ಯಾರಾದರೂ ಅಂದದ್ದು ಕೇಳಿದ್ದೀರಾ? ಈ ನಿಯಮವನ್ನು ಯಾವ ಮೇಷ್ಟ್ರೂ ಪಾಠ ಮಾಡಿಲ್ಲ, ಓದು ಬರಹ ಬಾರದವರೂ ತಪ್ಪಲ್ಲ.

ಪದದ ಶುರುವಿನಲ್ಲಿ ಇನ್ನೊಂದು ಆಟ ಇದೆ. ಗ್ಲಾಸ್ ‘ಗಲಾಸು’ ಆಗುತ್ತೆ, ಕ್ಲಾಸ್ ‘ಕಿಲಾಸು’ ಆಗುತ್ತೆ, ಅಂದರೆ ಸ್ವರ ಮಧ್ಯೆ ನುಗ್ಗುತ್ತೆ. ಸ್ಕೂಲಿಗೆ ಮಾತ್ರ ಮುಂದೆ ಬಂದು ನಿಲ್ಲುತ್ತೆ. ‘ಇಗ್ಲಾಸು’ ಅಂತ ಅವ್ವ ಯಾವತ್ತೂ ಅಂದಿಲ್ಲ. ಕಾರಣ ದನಿಯ ಏರಿಳಿತದಲ್ಲಿದೆ. ‘ಗ್’ನಿಂದ ‘ಲ್’ಗೆ, ಅಲ್ಲಿಂದ ‘ಆ’ಗೆ ದನಿ ಮೆಟ್ಟಿಲು ಹತ್ತಿದ ಹಾಗೆ ಏರುತ್ತಾ ಹೋಗುತ್ತೆ. ‘ಸ್’ ಹಾಗಲ್ಲ, ಅದು ‘ಕ್’ಗಿಂತ ಜೋರು, ಹತ್ತೋಕೆ ಮುಂಚೆಯೇ ಒಂದು ಮೆಟ್ಟಿಲು ಇಳಿದಂತಾಗುತ್ತೆ. ಅದಕ್ಕೆ ‘ಸ್’ಗೆ ಮುಂದೊಂದು ‘ಇ’ ಕೊಟ್ಟು ಬೇರೆ ಸಿಲಬಲ್ ಮಾಡಿಬಿಡುತ್ತಾರೆ. ಸ್ಪ್ಯಾನಿಷ್‌ನವರೂ ಶಾಲೆಗೆ ‘ಎಸ್ಕ್ವೇಲ’ ಅಂತಾರೆ, ಅಲ್ಲೂ ಮುಂದೆ ಸ್ವರ! ಸ್ಟೇಷನ್ ಮಾತ್ರ ಅವ್ವನ ಬಾಯಲ್ಲಿ ‘ಟೇಸನ್ನು’, ಅಲ್ಲಿ ‘ಸ್’ ಇಳಿದುಹೋಗಿ ರೈಲು ಮುಂದೆ ಹೋಗಿದೆ.

ಇದು ಬರೀ ನಾಲಿಗೆಯ ವಿಷಯವಲ್ಲ, ಕಿವಿಯದೂ ಹೌದು. 1999ರಲ್ಲಿ ಫ್ರಾನ್ಸಿನ ಭಾಷಾ-ಮನೋವಿಜ್ಞಾನಿ ಇಮ್ಯಾನುಯೆಲ್ ದ್ಯುಪು ಮತ್ತು ಸಂಗಡಿಗರು ‘ಎಬ್‌ಜೊ’ ಅನ್ನೋ ಅರ್ಥವಿಲ್ಲದ ಪದವನ್ನು ಜಪಾನಿನವರಿಗೂ ಫ್ರಾನ್ಸಿನವರಿಗೂ ಕೇಳಿಸಿದರು. ಮಧ್ಯೆ ಯಾವ ಸ್ವರವೂ ಇಲ್ಲದಿದ್ದರೂ ಜಪಾನಿನವರಲ್ಲಿ ಹೆಚ್ಚಿನವರಿಗೆ ‘ಎಬುಜೊ’ ಅಂತಲೇ ಕೇಳಿಸಿತ್ತು, ಯಾಕೆಂದರೆ ಅವರ ಭಾಷೆಯಲ್ಲಿ ಅಂಥ ಒತ್ತಕ್ಷರ ಬರೋದೇ ಇಲ್ಲ.

ಇಂಗ್ಲಿಷಿನದು ಉಲ್ಟಾ ಚಾಳಿ. ನಾವು ಸ್ವರ ಸೇರಿಸಿದರೆ ಅದು ತಿಂದುಹಾಕುತ್ತೆ. ಪದದ ಒಂದು ಕಡೆ ಒತ್ತು ಹಾಕಿ ಉಳಿದ ಸ್ವರಗಳನ್ನು ಹಿಂಡಿಬಿಡುತ್ತೆ. ನಾವು ‘ವೆಜಿಟೇಬಲ್’ ಅಂತ ಒಳಗೊಂದು ಟೇಬಲ್ ಹಾಕಿ ನಾಲ್ಕು ಸಿಲಬಲ್ ಮಾಡುತ್ತೇವೆ, ಅವರು ‘ವೆಜ್-ಟ-ಬಲ್’ ಅಂತ ಮೂರಕ್ಕೇ ಮುಗಿಸುತ್ತಾರೆ. ‘ಫೋಟೋಗ್ರಾಫ್’ಗೆ ಬಾಲ ಸೇರಿಸಿದರೆ ಒತ್ತು ಮುಂದೆ ಜಾರಿ ‘ಫಟಾಗ್ರಫಿ’. ಬರವಣಿಗೆಯಲ್ಲಿ ಐದು ಸ್ವರ, ಬ್ರಿಟನ್ನಿನ ಮಾತಿನಲ್ಲಿ ಸುಮಾರು 20. ಇಂಗ್ಲೆಂಡಿನ ಮೊದಲ ಮುದ್ರಕ ಕ್ಯಾಕ್ಸ್‌ಟನ್ 1476ರಲ್ಲಿ ಲಂಡನ್ನಿನ ವೆಸ್ಟ್‌ಮಿನ್‌ಸ್ಟರಿನಲ್ಲಿ ಮುದ್ರಣ ಶುರು ಮಾಡಿದ ಕಾಲಕ್ಕೆ ಇಂಗ್ಲಿಷಿನ ಉದ್ದ ಸ್ವರಗಳು ಜಾಗ ಬದಲಿಸುತ್ತಿದ್ದವು. ಅಚ್ಚಿನಲ್ಲಿ ಕಾಗುಣಿತ ಕೂತುಬಿಟ್ಟಿತು, ಮಾತು ಮಾತ್ರ ನಡೆಯುತ್ತಲೇ ಹೋಯಿತು. ಇವತ್ತಿನ ‘ನೇಮ್’ (name) 14ನೇ ಶತಮಾನದಲ್ಲಿ ಹೆಚ್ಚುಕಡಿಮೆ ನಮ್ಮ ‘ನಾಮ’ದ ಹಾಗೇ ಇತ್ತು, ಎರಡು ಸಿಲಬಲ್. ಕೊನೆಯ ಸ್ವರವನ್ನು ಅವರು ಬಿಸಾಕಿದರು, ಅದರ e ಅಕ್ಷರ ಮಾತ್ರ ಇನ್ನೂ ಕೂತಿದೆ.

ಹೋಂವರ್ಕಿನ ಕೊನೆಯ ಪದ ‘ರಿದಮ್’ (rhythm). “ಮಾಮ, ಇದರಲ್ಲಿ ಎ, ಇ, ಐ, ಓ, ಯು ಒಂದೂ ಇಲ್ಲ!” ಗದ್ದಕ್ಕೆ ಕೈ ಇಟ್ಟು ನೋಡು ಅಂದೆ. ನಿಧಾನವಾಗಿ ಹೇಳಿಕೊಂಡು 2 ಅಂತ ಬರೆದಳು.

ಮಾರನೇ ದಿನ ಸಂಜೆ ಫೋನ್ ಮಾಡಿದಳು. “ಟಿಕ್ಕು ಬಿತ್ತು ಮಾಮ.”